ಒಂದು ಗೇಮ್ ತಗೊಂಡು ಮನೆಮಂದಿಯೆಲ್ಲ ಆಡಬಹುದಾ? ಸ್ಟೀಮ್ ಫ್ಯಾಮಿಲೀಸ್ ಬಳಸಿದ ಮೇಲೆ ಅನಿಸಿದ್ದು

ಆಡಬಹುದು. ಆದರೆ ಎಲ್ಲ ಗೇಮೂ ಅಲ್ಲ, ಒಂದೇ ಕಾಪಿಯನ್ನು ಇಬ್ಬರು ಒಂದೇ ಹೊತ್ತಿಗೆ ಅಂತೂ ಅಲ್ಲವೇ ಅಲ್ಲ. ಯಾವುದು ಹಂಚಬಹುದು, ಯಾವುದು ಆಗಲ್ಲ ಅನ್ನೋದು ದುಡ್ಡು ಕೊಡುವ ಮುಂಚೆಯೇ ಗೊತ್ತಾಗುತ್ತದೆ, ನೋಡುವ ಜಾಗ ಗೊತ್ತಿದ್ದರೆ. ಸ್ಟೀಮ್ ಅಂದರೆ ಕಂಪ್ಯೂಟರ್ ಗೇಮ್ ಮಾರುವ ಆನ್‌ಲೈನ್ ಅಂಗಡಿ, ಅಲ್ಲಿ ಕೊಂಡ ಗೇಮನ್ನು ಮನೆಯವರ ಜೊತೆ ಹಂಚಿಕೊಳ್ಳುವ ವ್ಯವಸ್ಥೆಯೇ ಸ್ಟೀಮ್ ಫ್ಯಾಮಿಲೀಸ್.

ನಮ್ಮದು ಕಲಬುರಗಿ. ಅಣ್ಣನ ಸಂಸಾರ, ನಮ್ಮ ಸಂಸಾರ ಎರಡೂ ಒಂದೇ ಮನೆಯಲ್ಲಿ. ಒಂದು ಪಿಸಿ ಹಾಲ್‌ನಲ್ಲಿದೆ, ಒಂದು ಲ್ಯಾಪ್‌ಟಾಪ್ ಮೇಲಿನ ಕೋಣೆಯಲ್ಲಿದೆ. ಏಪ್ರಿಲ್, ಮೇ ಬಂತೆಂದರೆ ಇಲ್ಲಿ ಬಿಸಿಲು 40 ಡಿಗ್ರಿ ದಾಟುತ್ತದೆ, ಮಧ್ಯಾಹ್ನ ಹುಡುಗರನ್ನು ಹೊರಗೆ ಆಡೋಕೆ ಕಳಿಸಿದರೆ ಅವ್ವ ನಮ್ಮನ್ನೇ ಬೈಯುತ್ತಾಳೆ, ಹಾಗಾಗಿ ರಜೆಯಲ್ಲಿ ಕೂಲರ್ ಮುಂದೆ ಕೂತು ಗೇಮ್ ಆಡೋದು ನಮ್ಮನೆಯಲ್ಲಿ ರೂಢಿಯೇ ಆಗಿಬಿಟ್ಟಿದೆ. ನನಗೂ ಆ ಹುಚ್ಚು ಇದೆ, ಸುಮ್ನೆ ಹುಡುಗರ ಹೆಸರು ಹೇಳೋದೇಕೆ. ಒಂದೇ ಗೇಮನ್ನು ಎರಡೆರಡು ಸಲ ಯಾಕೆ ಕೊಳ್ಳಬೇಕು ಅನ್ನುವ ಪ್ರಶ್ನೆ ಬಂದಾಗ ಇದನ್ನು ಕೂತು ನೋಡಿದೆ.

ಸ್ಟೀಮ್‌ನಲ್ಲಿ ಮುಂಚೆಯೂ ಹಂಚಿಕೊಳ್ಳುವ ವ್ಯವಸ್ಥೆ ಇತ್ತು, 2013ರಿಂದ. ಅದು ಹೇಗಿತ್ತೆಂದರೆ, ಗೆಳೆಯ ನಿಮ್ಮ ಅಲ್ಮಾರಿಯಿಂದ ಒಂದು ಪುಸ್ತಕ ತಗೊಂಡರೆ ಇಡೀ ಅಲ್ಮಾರಿಗೇ ಬೀಗ ಬಿದ್ದಂತೆ. ನನ್ನ ಲೈಬ್ರರಿಯಲ್ಲಿ ಎಷ್ಟೇ ಗೇಮ್ ಇರಲಿ, ನಾನು ಒಂದನ್ನು ಆಡುತ್ತಿದ್ದರೆ ಉಳಿದ ಒಂದನ್ನೂ ಬೇರೆಯವರು ಮುಟ್ಟುವಂತಿರಲಿಲ್ಲ. 2024ರ ಮಾರ್ಚ್‌ನಲ್ಲಿ ಹೊಸ ವ್ಯವಸ್ಥೆ ಬೀಟಾದಲ್ಲಿ, ಅಂದರೆ ಪರೀಕ್ಷೆಗೆ ಅಂತ, ಬಂತು, ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಎಲ್ಲರಿಗೂ ಸಿಕ್ಕಿತು. ಹೆಸರು ಸ್ಟೀಮ್ ಫ್ಯಾಮಿಲೀಸ್. ಒಂದು ಕುಟುಂಬದಲ್ಲಿ 6 ಜನ ಸೇರಬಹುದು, ಎಲ್ಲರಿಗೂ ಅವರದೇ ಅಕೌಂಟ್ ಇರಬೇಕು, ಎಲ್ಲರ ಗೇಮ್‌ಗಳೂ ಒಟ್ಟಿಗೆ ಎಲ್ಲರ ಲೈಬ್ರರಿಯಲ್ಲೂ ಕಾಣುತ್ತವೆ. ಈಗ ಬೀಗ ಬೀಳೋದು ಆಡುತ್ತಿರುವ ಆ ಒಂದು ಗೇಮಿಗೆ ಮಾತ್ರ. ಈ ಒಂದು ಬದಲಾವಣೆಯೇ ಸಾಕು, ಹಳೆಯದಕ್ಕೂ ಇದಕ್ಕೂ ಹೋಲಿಕೆಯೇ ಇಲ್ಲ.

ಈಗ ಚೆಕ್ ಮಾಡೋ ವಿಷಯ. ಸ್ಟೀಮ್ ಅಂಗಡಿಯಲ್ಲಿ ಗೇಮಿನ ಪುಟ ತೆಗೆಯಿರಿ. ಕಂಪ್ಯೂಟರ್‌ನಲ್ಲಾದರೆ ಬಲಗಡೆ ಒಂದು ಪಟ್ಟಿ ಇರುತ್ತದೆ: ಸಿಂಗಲ್ ಪ್ಲೇಯರ್, ಅಚೀವ್‌ಮೆಂಟ್ಸ್, ಕ್ಲೌಡ್, ಹೀಗೆ. ಅದೇ ಪಟ್ಟಿಯಲ್ಲಿ ಫ್ಯಾಮಿಲಿ ಶೇರಿಂಗ್ ಅಂತ ಇದೆಯಾ ನೋಡಿ. ಇದ್ದರೆ ಹಂಚಬಹುದು. ಇಲ್ಲದಿದ್ದರೆ ಇಲ್ಲ, ವಾದ ಮಾಡಿ ಪ್ರಯೋಜನವಿಲ್ಲ. ಹಂಚಬೇಕೋ ಬೇಡವೋ ಅನ್ನೋದನ್ನು ಗೇಮ್ ಮಾಡಿದವರೇ ತೀರ್ಮಾನಿಸಬಹುದು, ಬೇಡ ಅಂದರೆ ಸ್ಟೀಮ್ ಅದನ್ನು ಹಂಚಿಕೆಯಿಂದ ಹೊರಗೆ ಇಡುತ್ತದೆ. ಹುಡುಕುವಾಗಲೇ ಫಿಲ್ಟರ್ ಹಾಕಿ ಫ್ಯಾಮಿಲಿ ಶೇರಿಂಗ್ ಇರುವ ಗೇಮ್ ಮಾತ್ರ ನೋಡುವ ದಾರಿಯೂ ಇದೆ. ಸೇಲ್ ಟೈಮಲ್ಲಿ ನನಗೆ ಇದು ಬಹಳ ಉಪಯೋಗಕ್ಕೆ ಬರುತ್ತದೆ, ಯಾಕೆಂದರೆ ಸೇಲ್‌ನಲ್ಲಿ ರೇಟು ನೋಡಿದ ಕೂಡಲೇ ಕೈ ಓಡುತ್ತದೆ, ಆ ಪಟ್ಟಿ ನೋಡಬೇಕು ಅನ್ನುವ ತಾಳ್ಮೆ ಯಾರಿಗಿರುತ್ತದೆ?

ಅದೇ ಪಟ್ಟಿಯ ಹತ್ತಿರ ಇನ್ನೊಂದು ವಿಷಯ ಬರೆದಿರುತ್ತದೆ, ಅದನ್ನೂ ಓದಿ. ಈ ಗೇಮಿಗೆ ಬೇರೆ ಕಂಪನಿಯ ಅಕೌಂಟ್ ಬೇಕು ಅಂತ ಇದ್ದರೆ ಅಲ್ಲೇ ಸ್ವಲ್ಪ ನಿಲ್ಲಿ. ಕೆಲವು ದೊಡ್ಡ ಪಬ್ಲಿಷರ್‌ಗಳ ಗೇಮನ್ನು ಸ್ಟೀಮ್‌ನಲ್ಲೇ ಕೊಂಡರೂ, ಆಡೋಕೆ ಹೋದಾಗ ಅವರದೇ ಇನ್ನೊಂದು ಲಾಂಚರ್ (ಗೇಮ್ ಶುರು ಮಾಡುವ ಸಾಫ್ಟ್‌ವೇರ್) ತೆರೆದುಕೊಂಡು ಅಲ್ಲಿ ಬೇರೆ ಲಾಗಿನ್ ಕೇಳುತ್ತದೆ. ಹೀಗೆ ಹೊರಗಿನ ಕೀ, ಹೊರಗಿನ ಅಕೌಂಟ್ ಅಥವಾ ತಿಂಗಳ ಚಂದಾ ಬೇಕಾಗುವ ಗೇಮ್‌ಗಳು ಹಂಚಿಕೆಗೆ ಸಿಗದಿರೋದೇ ಜಾಸ್ತಿ. ಫ್ರೀ ಗೇಮ್‌ಗಳ ಮಾತೇ ಬೇಡ, ಅವನ್ನು ಯಾರು ಬೇಕಾದರೂ ತಮ್ಮ ಅಕೌಂಟಿನಲ್ಲೇ ಹಾಕಿಕೊಳ್ಳಬಹುದು. ಗೇಮಿನೊಳಗೆ ದುಡ್ಡು ಕೊಟ್ಟು ತಗೊಂಡ ಸಾಮಾನು ಹಂಚಿಕೆಯಾಗಲ್ಲ. ಡಿಎಲ್‌ಸಿ, ಅಂದರೆ ಗೇಮಿಗೆ ಬೇರೆಯಾಗಿ ಮಾರುವ ಹೆಚ್ಚುವರಿ ಭಾಗ, ಹಂಚಿಕೆ ಆಗುತ್ತದೆ, ಆದರೆ ನೀವು ಯಾರ ಕಾಪಿ ಆಡುತ್ತಿದ್ದೀರೋ ಅವರ ಹತ್ತಿರ ಆ ಡಿಎಲ್‌ಸಿ ಇರಬೇಕು.

ಒಂದೇ ಹೊತ್ತಿಗೆ ಆಡುವ ಕಥೆ ಮನೆಯಲ್ಲಿ ಹೆಚ್ಚು ಜಗಳ ತಂದದ್ದು. ನಿಯಮ ಸರಳ: ಒಂದು ಕಾಪಿ, ಒಬ್ಬ ಆಟಗಾರ. ಸ್ಟೀಮ್‌ನವರು ತಮ್ಮದೇ ಗೇಮ್ ಇಟ್ಟುಕೊಂಡು ಉದಾಹರಣೆ ಕೊಡುತ್ತಾರೆ. ಮನೆಯಲ್ಲಿ ಪೋರ್ಟಲ್ 2 ಒಂದು ಕಾಪಿ, ಹಾಫ್ ಲೈಫ್ ಒಂದು ಕಾಪಿ ಇದ್ದರೆ, ಒಬ್ಬರು ಅದನ್ನು, ಇನ್ನೊಬ್ಬರು ಇದನ್ನು ಒಟ್ಟಿಗೆ ಆಡಬಹುದು. ಇಬ್ಬರಿಗೂ ಪೋರ್ಟಲ್ 2 ಬೇಕೆಂದರೆ ಕುಟುಂಬದಲ್ಲಿ ಯಾರಾದರೂ ಎರಡನೇ ಕಾಪಿ ಕೊಳ್ಳಬೇಕು, ಇಲ್ಲ ಒಬ್ಬರು ಮುಗಿಸುವವರೆಗೆ ಇನ್ನೊಬ್ಬರು ಬೇರೇನಾದರೂ ಆಡುತ್ತಾ ಕಾಯಬೇಕು. ಅಣ್ಣನ ಮಗ ಕೇಳಿದ, "ಕಾಕಾ, ಅದು ನಿಮ್ಮ ಅಕೌಂಟಿಂದು ಅದ, ಮತ್ತ ನಾನೇನ್ ಆಡಬೇಕ್ರೀ?" ಅಂತ. ಲೈಬ್ರರಿ ತುಂಬ ಬೇರೆ ಗೇಮ್ ಇದೆಯಲ್ಲೋ ಅಂದೆ. ಅವನಿಗೆ ಬೇಕಾಗಿದ್ದು ಅದೇ ಒಂದು. ಹಾಗಾಗಿ ನಾನು ಕೊಳ್ಳುವ ಲೆಕ್ಕವನ್ನೇ ಬದಲಿಸಿದೆ: ಒಬ್ಬರೇ ಕೂತು ಆಡುವ ಕಥೆಯ ಗೇಮ್ ಆದರೆ ಒಂದೇ ಕಾಪಿ, ಸರದಿ ಹಚ್ಚಿ ಎಲ್ಲರೂ ಆಡುತ್ತೇವೆ. ಇಬ್ಬರು ಸೇರಿ ಆನ್‌ಲೈನ್ ಆಡುವಂಥದ್ದಾದರೆ ಹಂಚಿಕೆ ಮರೆತು, ಜೂನ್ ಕೊನೆ ಅಥವಾ ಡಿಸೆಂಬರ್ ಸೇಲ್‌ಗೆ ಕಾದು ಎರಡು ಕಾಪಿ.

ಸೇವ್ (ಆಟ ಎಲ್ಲಿಯವರೆಗೆ ಬಂತು ಅನ್ನುವ ದಾಖಲೆ) ವಿಷಯದಲ್ಲಿ ಮಾತ್ರ ಒಂದು ತಕರಾರೂ ಇಲ್ಲ. ಪ್ರತಿಯೊಬ್ಬರ ಸೇವ್ ಬೇರೆ, ಅಚೀವ್‌ಮೆಂಟ್ ಬೇರೆ.  ಮುಂಚೆ ಮನೆಯಲ್ಲಿ ಎಲ್ಲರೂ ಒಂದೇ ಐಡಿ, ಒಂದೇ ಪಾಸ್‌ವರ್ಡ್ ಇಟ್ಟುಕೊಂಡು ಆಡುವಾಗ ಯಾರೋ ನ್ಯೂ ಗೇಮ್ ಒತ್ತಿ ಇನ್ನೊಬ್ಬರ ಇಡೀ ವಾರದ ಆಟ ಅಳಿಸಿಹೋಗುತ್ತಿತ್ತು, ಆ ಗೋಳು ತಪ್ಪಿತು. ಪಾಸ್‌ವರ್ಡ್ ಇನ್ನೊಬ್ಬರಿಗೆ ಕೊಡೋದು ಸ್ಟೀಮ್ ಒಪ್ಪಂದದ ಪ್ರಕಾರವೂ ತಪ್ಪೇ.

ಇದೇ ಮಾತಿಗೆ ಬಂತು ಅಂತ ಹೇಳುತ್ತೇನೆ. ಊರಲ್ಲಿ ಒಂದು ಅಂಗಡಿಯಲ್ಲಿ ನನಗೆ "ಸರ್, ಗೇಮ್ ಯಾಕ ತಗೋತೀರಿ, ಐಡಿ ತಗೋರಿ, ಎಲ್ಲಾ ಗೇಮ್ ಅದಾವ, ಮನಿಮಂದಿ ಎಲ್ಲಾ ಆಡ್ರಿ" ಅಂದರು. ರೇಟು ಕೇಳಿದರೆ ಆಸೆ ಆಗುವಂತೆಯೇ ಇತ್ತು. ಅದು ಇನ್ಯಾರದೋ ಅಕೌಂಟ್, ಅದೇ ಪಾಸ್‌ವರ್ಡ್ ಎಷ್ಟು ಜನಕ್ಕೆ ಮಾರಿದ್ದಾರೋ ದೇವರಿಗೇ ಗೊತ್ತು. ಅಸಲಿ ಮಾಲೀಕ ಪಾಸ್‌ವರ್ಡ್ ಬದಲಿಸಿದ ದಿನ ನಿಮ್ಮ ದುಡ್ಡು ಹೋಯಿತು ಅಂತಲೇ ಲೆಕ್ಕ. ಫ್ಯಾಮಿಲಿ ಶೇರಿಂಗ್ ಅಂತ ಇದನ್ನೇ ಕರೆದು ಮಾರುತ್ತಾರೆ, ಎರಡಕ್ಕೂ ಯಾವ ಸಂಬಂಧವೂ ಇಲ್ಲ.

ಯಾರ ಅಕೌಂಟಿನಲ್ಲಿ ಕೊಳ್ಳಬೇಕು ಅನ್ನೋದನ್ನು ಜನ ಯೋಚಿಸೋದೇ ಇಲ್ಲ. ಗೇಮ್ ಎಂದಿಗೂ ಕೊಂಡವರ ಅಕೌಂಟಿಗೇ ಅಂಟಿಕೊಂಡಿರುತ್ತದೆ. ಅವರು ಕುಟುಂಬದಿಂದ ಹೊರಗೆ ಹೋದರೆ ಅವರ ಗೇಮ್‌ಗಳೂ ಹೋಗುತ್ತವೆ, ಉಳಿದವರಿಗೆ ಸೇವ್ ಫೈಲ್ ಬಿಟ್ಟು ಏನೂ ಇರಲ್ಲ. ಆದ್ದರಿಂದ ಮನೆಯ ದುಡ್ಡಲ್ಲಿ ಕೊಳ್ಳುವ ದೊಡ್ಡ ಗೇಮ್ ಎಲ್ಲವನ್ನೂ ಮನೆಯಲ್ಲೇ ಇರುವ ಹಿರಿಯರ ಒಂದೇ ಅಕೌಂಟಿನಲ್ಲಿ ಕೊಳ್ಳೋದು ಒಳ್ಳೇದು ಅಂತ ನನ್ನ ಅಭಿಪ್ರಾಯ. ಬೇರೆಯವರ ಅಭಿಪ್ರಾಯ ಬೇರೆ ಇರಬಹುದು, ಅದರಲ್ಲೂ ತಮ್ಮ ಪಾಕೆಟ್ ಮನಿಯಿಂದ ಕೊಳ್ಳುವ ಹುಡುಗರದ್ದು. ಬೆಲೆ ರೂಪಾಯಿಯಲ್ಲೇ ಇದೆ, ಯುಪಿಐ ನಡೆಯುತ್ತದೆ. ಮಕ್ಕಳ ಅಕೌಂಟ್ ಆದರೆ ಅವರು ಕಾರ್ಟ್‌ಗೆ ಹಾಕಿ ದೊಡ್ಡವರಿಗೆ ರಿಕ್ವೆಸ್ಟ್ ಕಳಿಸಬಹುದು, ನಾವು ಮೊಬೈಲ್‌ನಲ್ಲೇ ನೋಡಿ ದುಡ್ಡು ಕಟ್ಟಿದರೆ ಗೇಮ್ ಮಗುವಿನ ಅಕೌಂಟಿಗೆ ಹೋಗುತ್ತದೆ. ಕಾರ್ಡ್ ನಂಬರ್ ಕೈಗೆ ಕೊಡುವ ತಲೆನೋವಿಲ್ಲ.

ಇನ್ನು ನನಗೆ ಅತಿ ಅನಿಸಿದ ನಿಯಮ. ದೊಡ್ಡವರು ಯಾವಾಗ ಬೇಕಾದರೂ ಕುಟುಂಬ ಬಿಡಬಹುದು, ಆದರೆ ಬೇರೆ ಕುಟುಂಬ ಸೇರಲು ಒಂದು ವರ್ಷದ ಕಾಯುವಿಕೆ ಇದೆ. ಖಾಲಿಯಾದ ಜಾಗಕ್ಕೂ ಹಾಗೇ, ಹೊಸಬರನ್ನು ಕೂಡಲೇ ತಂದು ಕೂರಿಸೋಕಾಗಲ್ಲ. ಗೆಳೆಯರ ಗುಂಪು ಕಟ್ಟಿಕೊಂಡು ತಿಂಗಳಿಗೊಬ್ಬರನ್ನು ಬದಲಾಯಿಸುವವರನ್ನು ತಡೆಯೋಕೆ ಇದು ಅಂತ ಅರ್ಥವಾಗುತ್ತದೆ. ಆದರೂ ವರ್ಷ ಜಾಸ್ತಿ ಆಯಿತು, ಮೂರು ತಿಂಗಳು ಇಟ್ಟಿದ್ದರೂ ಸಾಕಿತ್ತು. ಪರಿಣಾಮ ಏನೆಂದರೆ ಆ 6 ಜಾಗಕ್ಕೆ ಯಾರು ಅಂತ ಮೊದಲೇ ಗಟ್ಟಿ ಮಾಡಿಕೊಳ್ಳಬೇಕು. ಪಕ್ಕದ ಓಣಿಯ ಗೆಳೆಯ ಕೇಳಿದ ಅಂತ ಸುಮ್ನೆ ಸೇರಿಸಿದರೆ ನಿಮ್ಮ ಸ್ವಂತ ತಮ್ಮನಿಗೆ ಜಾಗ ಇರಲ್ಲ.

ತಮ್ಮ ಅಂದಾಗ ಬೆಂಗಳೂರಿನ ಪ್ರಶ್ನೆ ಬಂದೇ ಬರುತ್ತದೆ, ಯಾಕೆಂದರೆ ನಮ್ಮ ಕಡೆಯ ಪ್ರತಿ ಮನೆಯಿಂದಲೂ ಒಬ್ಬರಾದರೂ ಓದೋಕೋ ಕೆಲಸಕ್ಕೋ ಅಲ್ಲಿ ಹೋಗಿರುತ್ತಾರೆ. ಸ್ಟೀಮ್ ಹೇಳೋದು ಇದು ಒಂದೇ ಮನೆಯಲ್ಲಿರುವ ಹತ್ತಿರದ ಕುಟುಂಬಕ್ಕೆ ಅಂತ. ಎಲ್ಲರೂ ಒಂದೇ ದೇಶದವರಾಗಿರಬೇಕು. ಜನ ಹೇಗೆ ಬಳಸುತ್ತಾರೆ ಅಂತ ನೋಡಿ ನಿಯಮ ಬದಲಿಸಬಹುದು ಅಂತಲೂ ಅವರೇ ಬರೆದಿದ್ದಾರೆ. ಹಾಸ್ಟೆಲ್‌ನಲ್ಲಿದ್ದು ಹಬ್ಬಕ್ಕೆ, ರಜೆಗೆ ಮನೆಗೆ ಬರುವ ಹುಡುಗ ನನ್ನ ಲೆಕ್ಕದಲ್ಲಿ ಮನೆಯವನೇ, ಅವನನ್ನು ರಜೆಗೆ ಬಂದಾಗ ಇದೇ ಮನೆಯ ವೈಫೈನಲ್ಲಿ ಕೂರಿಸಿಕೊಂಡು ಸೇರಿಸೋದು ಸುರಕ್ಷಿತ. ಮದುವೆಯಾಗಿ ಬೇರೆ ಊರಲ್ಲಿ ಸಂಸಾರ ಮಾಡಿಕೊಂಡಿರುವ ಅಣ್ಣನನ್ನು ಸೇರಿಸಿ ಆಮೇಲೆ ಬೈದುಕೊಳ್ಳಬೇಡಿ.

ಮಕ್ಕಳ ಕಂಟ್ರೋಲ್ ಚೆನ್ನಾಗಿದೆ. ಯಾವ ಗೇಮ್ ಕಾಣಬೇಕು, ದಿನಕ್ಕೆ ಎಷ್ಟು ಹೊತ್ತು ಆಡಬೇಕು, ಅಂಗಡಿ, ಚಾಟ್ ತೆರೆಯಬೇಕೋ ಬೇಡವೋ, ಎಲ್ಲ ನಮ್ಮ ಕೈಯಲ್ಲಿದೆ. ಎಷ್ಟು ಆಡಿದರು ಅನ್ನುವ ವರದಿಯೂ ಸಿಗುತ್ತದೆ. ಇನ್ನೂ ಸ್ವಲ್ಪ ಹೊತ್ತು ಬೇಕು ಅಂತ ಮಗು ಕೇಳಿದರೆ ಮೊಬೈಲ್‌ಗೆ ಬರುತ್ತದೆ, ಅತ್ತಿಗೆ ಅಡುಗೆಮನೆಯಿಂದಲೇ ಬೇಡ ಅಂತ ಒತ್ತುತ್ತಾರೆ. ಆದರೆ ಗಮನದಲ್ಲಿರಲಿ, 13 ವರ್ಷಕ್ಕಿಂತ ಚಿಕ್ಕವರಿಗೆ ಸ್ಟೀಮ್ ಅಕೌಂಟೇ ಇಲ್ಲ ಅಂತ ಅವರ ಒಪ್ಪಂದ ಹೇಳುತ್ತದೆ. ಸಣ್ಣವರು ದೊಡ್ಡವರ ಜೊತೆ ಕೂತು ಆಡಲಿ.

ಇನ್ನೊಂದು ಎಚ್ಚರ, ಇದು ದೊಡ್ಡದು. ನಿಮ್ಮ ಕಾಪಿಯಲ್ಲಿ ಆಡುತ್ತಾ ಮನೆಯ ಹುಡುಗ ಚೀಟ್ ಮಾಡಿ ಬ್ಯಾನ್ ಆದರೆ, ಆ ಗೇಮಿನಲ್ಲಿ ನೀವೂ ಬ್ಯಾನ್. ಉಳಿದ ಸದಸ್ಯರಿಗೆ ಏನೂ ಆಗಲ್ಲ, ಕೊಂಡವರಿಗೆ ಮಾತ್ರ ಏಟು. ಹುಡುಗರಿಗೆ ಇದನ್ನು ಮೊದಲೇ ಕೂರಿಸಿ ಹೇಳಿ, ಯೂಟ್ಯೂಬ್ ನೋಡಿ ಏನೋ ಒಂದು ಫೈಲ್ ಹಾಕಿಕೊಳ್ಳುವ ವಯಸ್ಸು ಅದು.

ಹಂಚಿದ ಗೇಮನ್ನು ಪ್ರತಿ ಕಂಪ್ಯೂಟರ್‌ನಲ್ಲೂ ಡೌನ್‌ಲೋಡ್ ಮಾಡಿಕೊಳ್ಳಲೇಬೇಕು. ಕರೆಂಟ್ ಹೋಗಿ ಬಂದು ಮಾಡುವ ದಿನ 100 ಜಿಬಿ ಇಳಿಸೋದು ಹೇಗಿರುತ್ತದೆ ಅಂತ ಇಲ್ಲಿನವರಿಗೆ ಹೇಳಬೇಕಿಲ್ಲ. ಅದಕ್ಕೂ ಸ್ಟೀಮ್‌ನಲ್ಲಿ ದಾರಿ ಇದೆ: ಒಂದು ಪಿಸಿಯಲ್ಲಿ ಇಳಿದ ಗೇಮನ್ನು ಅದೇ ಮನೆಯ ನೆಟ್‌ವರ್ಕ್‌ನಲ್ಲಿರುವ ಇನ್ನೊಂದಕ್ಕೆ ನೇರವಾಗಿ ಕಳಿಸಬಹುದು, 2023ರಿಂದ ಇದೆ. ಸೆಟ್ಟಿಂಗ್ಸ್‌ನಲ್ಲಿ ಯಾರಿಗೆ ಕಳಿಸಬಹುದು ಅನ್ನೋದನ್ನು ಬದಲಿಸಿ, ಎರಡೂ ಪಿಸಿ ಆನ್ ಇಡಿ, ಅಷ್ಟೇ. ವೈಫೈಗಿಂತ ಕೇಬಲ್ ಹಾಕಿದರೆ ಬೇಗ ಆಗುತ್ತದೆ.

ಒಂದೇ ಸ್ಕ್ರೀನ್‌ನಲ್ಲಿ ಇಬ್ಬರು ಆಡುವ ಗೇಮ್ ಆದರೆ ಎರಡನೇ ಕಾಪಿ ಕೊಳ್ಳುವ ಮುಂಚೆ ಸ್ಟೀಮ್‌ನದೇ ರಿಮೋಟ್ ಪ್ಲೇ ಟುಗೆದರ್ ನೋಡಿ. ಗೇಮ್ ಒಬ್ಬರ ಪಿಸಿಯಲ್ಲೇ ಓಡುತ್ತದೆ, ಇನ್ನೊಬ್ಬರು ತಮ್ಮ ಕಂಪ್ಯೂಟರ್‌ನಿಂದ ಸೇರಿಕೊಳ್ಳುತ್ತಾರೆ, ಅವರಿಗೆ ಕಾಪಿ ಬೇಕಿಲ್ಲ. ಬೆಂಗಳೂರಿನ ತಮ್ಮನಿಗೂ ಇದು ನಡೆಯುತ್ತದೆ, ನೆಟ್ ಚೆನ್ನಾಗಿದ್ದರೆ.

ಬೇರೆ ಅಂಗಡಿಗಳಲ್ಲಿ ಈ ಮಟ್ಟದ್ದು ನನಗೆ ಕಂಡಿಲ್ಲ. ಗಾಗ್‌ನಲ್ಲಿ ಗೇಮಿನ ಇನ್‌ಸ್ಟಾಲರ್ ಫೈಲೇ ಕೈಗೆ ಸಿಗುತ್ತದೆ, ಬೀಗವಿಲ್ಲ, ಹಾಗಾಗಿ ಮನೆಯ ಕಂಪ್ಯೂಟರ್‌ಗಳಲ್ಲಿ ಹಾಕಿಕೊಳ್ಳುವುದು ಸುಲಭ, ಲೈಸೆನ್ಸ್ ಮಾತ್ರ ಕೊಂಡವರದ್ದೇ. ಎಪಿಕ್‌ನಲ್ಲಿ ಮಕ್ಕಳ ಕಂಟ್ರೋಲ್ ಇದೆ, ಲೈಬ್ರರಿ ಹಂಚೋದು ಇಲ್ಲ. ಆದರೆ ಅಲ್ಲಿ ಪ್ರತಿ ಗುರುವಾರ ರಾತ್ರಿ ಗೇಮ್ ಫ್ರೀ ಕೊಡುತ್ತಾರಲ್ಲ, ಅದನ್ನು ಒಬ್ಬರೇ ತಗೊಂಡು ಸುಮ್ಮನಾಗಬೇಡಿ, ಮನೆಯಲ್ಲಿ ಅಕೌಂಟ್ ಇರುವ ಪ್ರತಿಯೊಬ್ಬರೂ ತಮ್ಮ ತಮ್ಮ ಹೆಸರಲ್ಲಿ ತಗೊಳ್ಳಿ, ಆಗ ಒಂದೇ ಹೊತ್ತಿಗೆ ಎಲ್ಲರೂ ಆಡಬಹುದು.