ಎಲ್ಡಿಗನ್ ಮಾತು ಕೊನೆಗೂ ತಿಳಿಯಿತು: ಪ್ರಾಜೆಕ್ಟ್ ನಾಗಾ ಅನುವಾದ

ಫೈರ್ ಎಂಬ್ಲೆಮ್ ಎಂಬ, ಸರದಿಯಂತೆ ಆಡುವ ಯುದ್ಧದ ವಿಡಿಯೋ ಗೇಮ್ ಸರಣಿಯ ನಾಲ್ಕನೇ ಆಟ 'ಜೀನಿಯಾಲಜಿ ಆಫ್ ದ ಹೋಲಿ ವಾರ್' 1996ರಲ್ಲಿ ಜಪಾನಿನಲ್ಲಿ ಬಂತು, ನಿಂಟೆಂಡೊದ ಟಿವಿ ಗೇಮ್ ಯಂತ್ರ ಸೂಪರ್ ಫ್ಯಾಮಿಕಾಮ್‌ಗೆ. ಆ ಆಟವನ್ನು ನಿಂಟೆಂಡೊ ಆಗ ಇಂಗ್ಲಿಷಿಗೆ ತರಲಿಲ್ಲ. ಅಭಿಮಾನಿಗಳು ಮಾಡಿದ ಪ್ರಾಜೆಕ್ಟ್ ನಾಗಾ ಎಂಬ ಪ್ಯಾಚ್ (ಆಟದ ಮಾತನ್ನು ಇಂಗ್ಲಿಷಿಗೆ ಬದಲಿಸುವ ಫೈಲ್) ಹಾಕಿಕೊಂಡು ಎರಡು ತಿಂಗಳಿಂದ ಆಡುತ್ತಿದ್ದೇನೆ, ಹೆಚ್ಚಾಗಿ ಧಾರವಾಡದಿಂದ ಹುಬ್ಬಳ್ಳಿಗೆ ಹೋಗುವ ಚಿಗರಿ ಬಸ್ಸಿನಲ್ಲಿ, ಫೋನಿನಲ್ಲೇ.

ಮೊದಲು ಒಂದು ಹಳೆಯ ಪ್ಯಾಚ್ ಹಾಕಿ ಆಡಿದ್ದೆ. ಅದರಲ್ಲಿ ಮಾತು ಅರ್ಧಂಬರ್ಧ, ಕಥೆ ತಲೆಗೆ ಹೋಗಲೇ ಇಲ್ಲ. ಮೂರನೇ ಅಧ್ಯಾಯದಲ್ಲಿ ಎಲ್ಡಿಗನ್ ಎದುರು ಬರುತ್ತಾನೆ, ನಾಯಕ ಸಿಗರ್ಡ್‌ನ ಹಳೆಯ ಗೆಳೆಯ. ತನ್ನ ರಾಜ ಕೆಟ್ಟವನು ಅಂತ ಗೊತ್ತಿದ್ದೂ ಬಿಟ್ಟು ಬರಲಾರ. ಆಗ ಅವನನ್ನು ಸುಮ್ನೆ ಹೊಡೆದು ಮುಂದೆ ಹೋಗಿದ್ದೆ. ಈ ಸಲ ಮಾತು ಓದಿದ ಮೇಲೆ ಕೈ ಏಳಲಿಲ್ಲ. ಅವನ ತಂಗಿ ಲಾಕೆಸಿಸ್‌ಳನ್ನು ಹತ್ತಿರ ಕಳಿಸಿ ಮಾತಾಡಿಸಿದೆ, ಅವನು ಒಂದು ಕತ್ತಿ ಅವಳ ಕೈಗಿಟ್ಟು ರಾಜನಿಗೆ ಬುದ್ಧಿ ಹೇಳಲು ಹೊರಟ. ಪಕ್ಕದಿಂದ ಇಣುಕುತ್ತಿದ್ದ ತಮ್ಮ, "ಅಣ್ಣಾ, ಇಂವಾ ನಮ್ಮ ಕರ್ಣ ಇದ್ದಂಗ ಅದಾನಲ್ಲ" ಅಂದ. ಹೌದಲ್ವಾ! ಗದುಗಿನ ಭಾರತದ ಊರ ಕಡೆಯವರಿಗೆ ಈ ಸಂಕಟ ಹೊಸದೇನಲ್ಲ.

ಹೀಗೆ ಅನುವಾದ ಮಾಡೋದು ಸಣ್ಣ ಕೆಲಸ ಅಲ್ಲ. ಜಪಾನಿ ಲಿಪಿಯಲ್ಲಿ ಎರಡು ಮೂರು ಅಕ್ಷರಕ್ಕೆ ಮುಗಿಯುವ ಪದಕ್ಕೆ ಇಂಗ್ಲಿಷಿನಲ್ಲಿ ಹತ್ತು ಅಕ್ಷರ ಬೇಕಾಗುತ್ತದೆ, ಪರದೆಯ ಮೇಲಿನ ಚೌಕ ಮಾತ್ರ ಅಷ್ಟೇ ಇರುತ್ತದೆ. ಹಾಗಾಗಿ ಅನುವಾದ ಬಲ್ಲವರ ಜೊತೆ ಆಟದ ಕೋಡ್ ಬಿಚ್ಚಿ ಜಾಗ ಮಾಡುವವರೂ ಬೇಕು. ಇಷ್ಟೆಲ್ಲ ಮಾಡಿ ಪುಕ್ಕಟೆ ಕೊಟ್ಟಿದ್ದಾರೆ, ಅವರಿಗೆ ದೊಡ್ಡ ನಮಸ್ಕಾರ.

ಈ ಆಟಕ್ಕೆ ಭಾಷೆ ತಿಳಿಯಲೇಬೇಕು. ಮೊದಲ ಅರ್ಧದಲ್ಲಿ ಯಾರಿಗೆ ಯಾರನ್ನು ಜೋಡಿ ಮಾಡುತ್ತೀರೋ ಅವರ ಮಕ್ಕಳೇ ಎರಡನೇ ಅರ್ಧದಲ್ಲಿ ಯುದ್ಧಕ್ಕೆ ಬರುತ್ತಾರೆ. ಅಪ್ಪ ಅಮ್ಮನ ಕೌಶಲ, ಆಯುಧ ಎಲ್ಲ ಅವರಿಗೆ ಹೋಗುತ್ತದೆ. ಯಾವ ಕೌಶಲ ಏನು ಮಾಡುತ್ತದೆ ಅಂತ ಈ ಪ್ಯಾಚಿನಲ್ಲಿ ಸರಿಯಾಗಿ ಓದಬಹುದು.

ಬೇಜಾರು ಅಂದರೆ ಮ್ಯಾಪು ತುಂಬಾ ದೊಡ್ಡದು, ಶತ್ರುಗಳ ಸರದಿ ಮುಗಿಯೋದನ್ನೇ ಕಾಯಬೇಕು. ಅದು ಆಟದ್ದೇ ಗುಣ, ಅನುವಾದದ ತಪ್ಪಲ್ಲ. ಪ್ರತಿ ಸರದಿ ಶುರುವಿನಲ್ಲಿ ಸೇವ್ ಮಾಡಬಹುದು, ಸ್ಟಾಪ್ ಬಂದರೆ ಚಿಂತೆ ಇಲ್ಲ.

ಬರುವ ವಾರ ತಮ್ಮನ ಫೋನಿಗೂ ಹಾಕಿಕೊಡುತ್ತೇನೆ. ಯಾರಿಗೆ ಯಾರ ಜೋಡಿ ಅಂತ ಅವನು ಈಗಲೇ ನೋಟ್‌ಬುಕ್ಕಿನ ಹಿಂದಿನ ಪುಟದಲ್ಲಿ ಬರೆದಿಟ್ಟುಕೊಂಡಿದ್ದಾನೆ.