ಶಿರಸಿ ಬಸ್ ಸ್ಟ್ಯಾಂಡಿನಲ್ಲಿ ಕೊಂಡ ಹೆಸರಿನ ಪುಸ್ತಕ: ಐದಕ್ಕೆ ಎರಡೂವರೆ

ತಂಗಿಯ ಮಗಳ ನಾಮಕರಣ ಹತ್ತಿರ ಬಂತು ಅಂತ 120 ರೂಪಾಯಿ ಕೊಟ್ಟು ಮಕ್ಕಳ ಹೆಸರಿನ ಪುಸ್ತಕ ತಂದೆ. ಹೆಸರು ರಾಶಿ ಇವೆ, ಅರ್ಥ ಮಾತ್ರ ಮೂರೇ: ದೇವತೆ, ಸುಂದರಿ, ಬೆಳಕು. ಆಯಿಗೆ ಓದಿ ಹೇಳಿದರೆ ಅವಳು ನಕ್ಕು ಅಡಿಕೆ ಸುಲಿಯಲು ಹೋದಳು.

ಬೇರೆ ಭಾಷೆಗಳ ಭಾಗ ಮಾತ್ರ ಖುಷಿ ಕೊಟ್ಟಿತು. ಗ್ರೀಕಿನ ಥಿಯೋಡೋರ್ ಅಂದರೆ ದೇವರ ಕೊಡುಗೆಯಂತೆ, ಥೇಟ್ ನಮ್ಮ ದೇವದತ್ತ. ಐರೀನ್ ಅಂದರೆ ಶಾಂತಿ. ಪೀಟರ್ ಅಂದರೆ ಬಂಡೆಗಲ್ಲು, ಅದೇ ಹೆಸರು ಪೋರ್ಚುಗೀಸರ ಬಾಯಲ್ಲಿ ಪೇದ್ರೊ ಆಗಿ, ಕೊಂಕಣಿಗೆ ಬಂದು ಪೆದ್ರು ಆಯಿತು. ಆದರೆ ಫಿಲಿಪ್ ಎದುರು 'ರಾಜಕುಮಾರ' ಅಂತ ಅಚ್ಚು ಹಾಕಿದ್ದಾರೆ! ಗ್ರೀಕಿನಲ್ಲಿ ಅದು ಕುದುರೆಗಳನ್ನು ಪ್ರೀತಿಸುವವನು. ಹೀಗಿದ್ದರೆ ಉಳಿದದ್ದನ್ನು ಹೇಗೆ ನಂಬುವುದು?

ಜಾಸ್ತಿ ಬೇಜಾರಾಗಿದ್ದು ನಮ್ಮ ಜಿಲ್ಲೆಯ ಹೆಸರುಗಳೇ ಇಲ್ಲ ಅಂತ. ಅಂಕೋಲಾ ಕಡೆ ಹಾಲಕ್ಕಿ ಸಮುದಾಯದವರಲ್ಲಿ ಸುಕ್ರು, ಸುಕ್ರಿ ಅಂತ ಹುಟ್ಟಿದ ವಾರದ ಹೆಸರಿಡುತ್ತಾರೆ, 2017ರಲ್ಲಿ ಪದ್ಮಶ್ರೀ ಪಡೆದ ಜಾನಪದ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡ ಗೊತ್ತಲ್ವಾ? ಅತ್ತ ಘಾನಾದ ಅಕಾನ್ ಜನ ಶುಕ್ರವಾರ ಹುಟ್ಟಿದ ಹುಡುಗನಿಗೆ ಕೋಫಿ ಅನ್ನುತ್ತಾರೆ, ವಿಶ್ವಸಂಸ್ಥೆಯಲ್ಲಿದ್ದ ಕೋಫಿ ಅನ್ನಾನ್ ಹಾಗೆ. ಸಮುದ್ರದಾಚೆಗೂ ಅದೇ ಲೆಕ್ಕ! ಇಂಥದ್ದು ಒಂದು ಪುಟ ಇದ್ದಿದ್ದರೂ ಸಾಕಿತ್ತು.

ಬೈಂಡಿಂಗ್ ವಾರದಲ್ಲೇ ಬಿಟ್ಟಿತು. ಮಗುವಿಗೆ ಕೊನೆಗೆ ಮುತ್ತಜ್ಜಿಯ ಹೆಸರೇ ಇಟ್ಟೆವು.