ಕಲ್ಪನೆಯ ದ್ವೀಪರಾಷ್ಟ್ರಕ್ಕೆ ಅಜ್ಗಾರ್ ಮ್ಯಾಪ್ ಜನರೇಟರ್: ಎಲ್ಲಿ ಕೈಹಿಡಿಯುತ್ತದೆ, ಎಲ್ಲಿ ಕೈಕೊಡುತ್ತದೆ

ಫ್ಯಾಂಟಸಿ ಕಾದಂಬರಿಗೋ ಡಂಜನ್ಸ್ ಅಂಡ್ ಡ್ರಾಗನ್ಸ್ ಥರದ ಆಟಕ್ಕೋ ಒಂದು ದ್ವೀಪರಾಷ್ಟ್ರ ಬೇಕೆನ್ನುವವರಿಗೆ ಎರಡು ಬಗೆಯ ಸಾಧನಗಳಿವೆ. ಇಂಕಾರ್ನೇಟ್, ವಂಡರ್‌ಡ್ರಾಫ್ಟ್‌ನಂಥವು ಚಿತ್ರ ಬರೆಯುವುದಕ್ಕೆ. ಗುಡ್ಡ, ಮರ, ಕೋಟೆ ಹೆಚ್ಚೂಕಡಿಮೆ ಎಲ್ಲವನ್ನೂ ನೀವೇ ಕೂರಿಸಬೇಕು. ಅಜ್ಗಾರ್ಸ್ ಫ್ಯಾಂಟಸಿ ಮ್ಯಾಪ್ ಜನರೇಟರ್ ಹಾಗಲ್ಲ. ನೆಲದ ಏರಿಳಿತ ಗೊತ್ತಾದರೆ ಸಾಕು, ಮಳೆ, ನದಿ, ಕಾಡು, ಊರು, ಧರ್ಮ, ಗಡಿ, ಸೈನ್ಯದವರೆಗೆ ಲೆಕ್ಕ ಹಾಕಿ ತಾನೇ ತುಂಬುತ್ತದೆ. ಬ್ರೌಸರ್‌ನಲ್ಲೇ ಓಡುತ್ತದೆ, ಪೂರ್ತಿ ಉಚಿತ, ಮೂಲ ಕೋಡ್ ಎಂಐಟಿ ಪರವಾನಗಿಯಲ್ಲಿ ಎಲ್ಲರಿಗೂ ತೆರೆದಿದೆ. ಚಂದಕ್ಕೆ ಮೊದಲಿನವೇ ಮೇಲು. ಒಳಗಿನ ಲೆಕ್ಕ ತಾಳೆಯಾಗುವ ದೇಶ ಬೇಕಾದರೆ ಇದಕ್ಕೆ ಸಾಟಿಯಿಲ್ಲ. ಆದರೆ ಇದರ ಹದವೆಲ್ಲ ಖಂಡಗಳಿಗೆ ತಕ್ಕದ್ದು. ದ್ವೀಪಕ್ಕೆ ಒಗ್ಗಿಸಲು ಕೆಲವು ಸೆಟ್ಟಿಂಗ್ ಬದಲಿಸಲೇಬೇಕು.

ಹೈಟ್‌ಮ್ಯಾಪ್ (ನೆಲದ ಏರಿಳಿತದ ಮಾದರಿ) ಪಟ್ಟಿಯಲ್ಲಿ ಹೈ ಐಲ್ಯಾಂಡ್, ಲೋ ಐಲ್ಯಾಂಡ್, ಅಟಾಲ್, ವಾಲ್ಕೇನೋ, ಆರ್ಚಿಪೆಲಾಗೊ (ದ್ವೀಪಸಮೂಹ) ಎಲ್ಲ ಇವೆ. ನಡುವೆ ಬೆಟ್ಟಸಾಲು, ಸುತ್ತ ಕರಾವಳಿ ಬೇಕಾದವರು ಹೈ ಐಲ್ಯಾಂಡ್ ಆರಿಸಿ. ಆರ್ಚಿಪೆಲಾಗೊ ಕಣ್ಣಿಗೆ ಹಬ್ಬ, ಆಳ್ವಿಕೆಗೆ ತಲೆನೋವು. ಎತ್ತರದ ಅಳತೆ 0ಯಿಂದ 100. 20ಕ್ಕಿಂತ ಕೆಳಗಿನದೆಲ್ಲ ಸಮುದ್ರ. ಕುಂಚದಿಂದ ನೀವೇ ನೆಲ ಎಬ್ಬಿಸುವುದಾದರೆ ಕನಿಷ್ಠ 200 ಕೋಶಗಳಷ್ಟು (ನಕ್ಷೆಯನ್ನು ಒಡೆದ ಪುಟ್ಟ ತುಂಡುಗಳು) ಭೂಮಿ ಬೇಕು, ಇಲ್ಲದಿದ್ದರೆ ಮುಂದೆ ಹೋಗಲು ಬಿಡುವುದಿಲ್ಲ. ಮೊದಲಿಗೆ ಬರುವ 10,000 ಬಿಂದುಗಳಲ್ಲಿ (ಬಿಂದುವಿಗೊಂದು ಕೋಶ) ಪುಟ್ಟ ದ್ವೀಪದ ಅಂಚು ಮೊಂಡಾಗಿ ಕಾಣುತ್ತದೆ. 1,00,000ದವರೆಗೆ ಏರಿಸಬಹುದು, ಆದರೆ ಸಾಧಾರಣ ಲ್ಯಾಪ್‌ಟಾಪ್ ಏದುಸಿರು ಬಿಡುತ್ತದೆ. ಮೂವತ್ತು ಸಾವಿರದ ಆಸುಪಾಸು ಸಾಕು.

ಹೆಚ್ಚಿನವರು ಎಡವುವುದು ಅಳತೆಯಲ್ಲಿ. ಹೊಸ ನಕ್ಷೆಯಲ್ಲಿ ಒಂದು ಪಿಕ್ಸೆಲ್ ಸಾಮಾನ್ಯವಾಗಿ 3 ಕಿ.ಮೀ. ಆಸುಪಾಸು ಇರುತ್ತದೆ. 700 ಪಿಕ್ಸೆಲ್ ಉದ್ದದ ದ್ವೀಪ ಅಲ್ಲಿಗೆ 2,100 ಕಿ.ಮೀ. ಆಯಿತು! ಶ್ರೀಲಂಕಾ ತುದಿಯಿಂದ ತುದಿಗೆ ಸುಮಾರು 430 ಕಿ.ಮೀ. ಅಷ್ಟೇ. ಆ ಗಾತ್ರ ಬೇಕಾದರೆ ಯೂನಿಟ್ಸ್ ಎಡಿಟರ್‌ನಲ್ಲಿ 0.6 ಹಾಕಿ. ಇಷ್ಟಕ್ಕೆ ಬಿಟ್ಟರೆ ಕೆಟ್ಟಿತು. ಅಳತೆ ಇಳಿಸಿದರೆ ವಿಸ್ತೀರ್ಣ ಇಳಿಯುತ್ತದೆ, ಜನಸಂಖ್ಯೆ ಇಳಿಯುವುದಿಲ್ಲ. ಉದ್ದ ಐದನೇ ಒಂದಾದಾಗ ವಿಸ್ತೀರ್ಣ ಇಪ್ಪತ್ತೈದನೇ ಒಂದಾಗುತ್ತದೆ, ಜನ ಅಷ್ಟೇ ಉಳಿದರೆ ಕಾಲಿಡಲು ಜಾಗವಿಲ್ಲ. ಅದಕ್ಕೇ ಪಾಪ್ಯುಲೇಷನ್ ರೇಟ್ (ಜನಸಂಖ್ಯೆಯ ಒಂದು ಅಂಕಕ್ಕೆ ಎಷ್ಟು ಜನ ಎಂಬ ಲೆಕ್ಕ) 1000 ಇರುವುದನ್ನು 40ಕ್ಕೆ ತನ್ನಿ.

ಹವೆಗೂ ಇದೇ ಪಾಡು. ಕಾನ್ಫಿಗರ್ ವರ್ಲ್ಡ್‌ನಲ್ಲಿ ಮ್ಯಾಪ್ ಸೈಜ್ ದೊಡ್ಡದಿದ್ದರೆ ಒಂದೇ ದ್ವೀಪದ ಬಡಗಲಲ್ಲಿ ಹಿಮ, ತೆಂಕಲಲ್ಲಿ ಮರಳುಗಾಡು ಬರುತ್ತದೆ. ಶೇ. 3 ಇಟ್ಟು, ಲ್ಯಾಟಿಟ್ಯೂಡ್ 45 (ಇದು ಡಿಗ್ರಿಯಲ್ಲ, ಉತ್ತರದಿಂದ ಎಣಿಸುವ ಶೇಕಡಾವಾರು) ಮಾಡಿದರೆ ನಕ್ಷೆ ಉತ್ತರ ಅಕ್ಷಾಂಶ ಸುಮಾರು 6ರಿಂದ 11.5 ಡಿಗ್ರಿಯೊಳಗೆ ಕೂರುತ್ತದೆ. ಪಕ್ಕದ ಬೀಗದ ಗುರುತು ಒತ್ತುವುದನ್ನು ಮರೆಯಬೇಡಿ, ಇಲ್ಲವಾದರೆ ಮುಂದಿನ ಹೊಸ ನಕ್ಷೆಗೆ ಎಲ್ಲವೂ ಅದಲುಬದಲು. ಗೋಳದ ಮೇಲಿನ ಬಾಣಗಳು ಗಾಳಿಯ ದಿಕ್ಕು, ಒತ್ತಿದರೆ ತಿರುಗುತ್ತವೆ. ನೈಋತ್ಯದಿಂದ ಬೀಸುವಂತೆ ತಿರುಗಿಸಿದರೆ ಬೆಟ್ಟದ ಈಚೆ ಮಲೆನಾಡು, ಆಚೆ ಬಯಲುಸೀಮೆ. ಮಳೆ ನೆರಳಿನ ಲೆಕ್ಕ ಸೊಗಸಾಗಿದೆ. ಕೊರತೆಯೆಂದರೆ ವರ್ಷವಿಡೀ ಒಂದೇ ಗಾಳಿ. ಮುಂಗಾರು, ಹಿಂಗಾರು ಎಂಬ ಎರಡು ಕಾಲ ಇದಕ್ಕೆ ಗೊತ್ತೇ ಇಲ್ಲ. ಸಮುದ್ರಯಾನವೇ ಉಸಿರಾಗಿರುವ ದೇಶದ ಕತೆಗೆ ಇದು ಸಣ್ಣ ಕೊರತೆಯಲ್ಲ. ಯಾವ ತಿಂಗಳು ಹಡಗು ಹೊರಡುತ್ತದೆ ಎಂಬುದನ್ನು ಬರೆಯುವವರೇ ನಿರ್ಧರಿಸಬೇಕು.

ರಾಜ್ಯಗಳ ಸಂಖ್ಯೆ 1 ಎಂದು ಕೊಟ್ಟರೂ ಹೊರಗಿನ ಕಿರುದ್ವೀಪಗಳು ಯಾರಿಗೂ ಸೇರದೆ ಉಳಿಯಬಹುದು, ಏಕೆಂದರೆ ಗಡಿ ಹಬ್ಬುವಾಗ ನೀರು ದಾಟಲು ದುಬಾರಿ ಬೆಲೆಯಿದೆ. ಮೂಲ ಸಂಸ್ಕೃತಿಯ ಬಗೆಯನ್ನು ನೇವಲ್ (ಕಡಲಯಾನದ್ದು) ಮಾಡಿ ರಾಜ್ಯವನ್ನು ಮತ್ತೆ ಹುಟ್ಟಿಸಿದರೆ ಆ ಬೆಲೆ ಇಳಿಯುತ್ತದೆ. ಆಗಲೂ ಬಗ್ಗದಿದ್ದರೆ ಸ್ಟೇಟ್ಸ್ ಎಡಿಟರ್‌ನ ಕುಂಚದಲ್ಲಿ ಬಳಿದುಬಿಡಿ.

ಇನ್ನು ಹೆಸರುಗಳು. ಇದರೊಳಗೆ ಕರ್ನಾಟಕ ಎಂಬ ಹೆಸರುಪಟ್ಟಿ ಇದೆ! ನಮ್ಮ ಊರುಗಳ ಹೆಸರುಗಳನ್ನು ತುಂಡರಿಸಿ, ಜೋಡಿಸಿ, ಕೇಳಿದಂತಿದೆ ಆದರೆ ಎಲ್ಲೂ ಇಲ್ಲ ಎನ್ನಿಸುವ ಊರುಗಳನ್ನು ಹುಟ್ಟಿಸುತ್ತದೆ. ಕಲ್ಚರ್ಸ್ ಎಡಿಟರ್‌ನಲ್ಲಿ ಸಂಸ್ಕೃತಿಗೆ ಇದನ್ನು ಆರಿಸಿ, ಊರುಗಳಿಗೆ ಮತ್ತೆ ಹೆಸರಿಡಿಸಿ. ಒಂದು ತೊಡಕಿದೆ: ಈ ಪಟ್ಟಿಯಲ್ಲಿ ಇಮ್ಮಡಿಯಾಗಲು ಒಪ್ಪಿಗೆ ಇರುವುದು ಟಿ, ಎನ್, ಎಲ್ ಅಕ್ಷರಗಳಿಗೆ ಮಾತ್ರ. ಹಳ್ಳಿ, ಹಟ್ಟಿ ಉಳಿಯುತ್ತವೆ. ಅಪ್ಪ, ಅಮ್ಮ, ಗುಡ್ಡ ಥರದ ಒತ್ತುಗಳು ಬರುವುದಿಲ್ಲ. ನೇಮ್ಸ್‌ಬೇಸ್ ಎಡಿಟರ್‌ನಲ್ಲಿ ಪಿ, ಎಂ, ಡಿ, ಕೆ ಸೇರಿಸಿದರೆ ಕಿವಿಗೆ ಹಿತ. ನಿಮ್ಮದೇ ಪಟ್ಟಿ ಹಾಕುವುದಾದರೆ ಅಲ್ಪವಿರಾಮ ಕೊಟ್ಟು ಬರೆದು, ಅನಲೈಜ್ ಒತ್ತಿ. ಹೆಸರುಗಳು ಸಾಲದಿದ್ದರೆ ಹೇಳುತ್ತದೆ.

ಎಲ್ಲ ಮುಗಿದ ಮೇಲೆ ಕರಾವಳಿ ತಿದ್ದಲು ಹೋಗುವವರಿಗೆ ಎಚ್ಚರಿಕೆ: ಹೈಟ್‌ಮ್ಯಾಪ್ ತಿದ್ದಲು ಮೂರು ಆಯ್ಕೆಗಳಿವೆ. ಇರೇಸ್ ಆರಿಸಿದರೆ ಊರು, ಗಡಿ ಎಲ್ಲ ಅಳಿಯುತ್ತವೆ, ಕೀಪ್‌ನಲ್ಲಿ ಎತ್ತರ ಬದಲಾದೀತು, ದಡ ಬದಲಾಗದು, ರಿಸ್ಕ್ ಹೆಸರಿಗೆ ತಕ್ಕಂತೆ ಅಪಾಯದ್ದು. ದಡದ ಕೆಲಸ ಮೊದಲೇ ಮುಗಿಸಿ. ಉಳಿಸುವಾಗ ಬ್ರೌಸರ್ ಸ್ಟೋರೇಜನ್ನೇ ನಂಬಬೇಡಿ, ಬ್ರೌಸರ್ ಡೇಟಾ ಅಳಿಸಿದರೆ ದೇಶವೇ ಮುಳುಗುತ್ತದೆ. ಡಾಟ್ ಮ್ಯಾಪ್ ಫೈಲನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳಿ.

ಹೆಸರುಗಳು ರೋಮನ್ ಲಿಪಿಯಲ್ಲಿ ಬರುತ್ತವೆ. ಕನ್ನಡಕ್ಕೆ ತರಲು ಬರ್ಗ್ಸ್ ಓವರ್‌ವ್ಯೂನಿಂದ ಊರುಗಳ ಪಟ್ಟಿ ಇಳಿಸಿ, ಸಾಲಿನ ಕ್ರಮ ಕೆಡಿಸದೆ ತಿದ್ದಿ, ಯುಟಿಎಫ್-8ರಲ್ಲಿ ಉಳಿಸಿ ಮತ್ತೆ ಏರಿಸಿ. ನಕ್ಷೆ ಬೇರೆಯವರಿಗೆ ಕಳಿಸುವಾಗ ಎಸ್‌ವಿಜಿ ಬದಲು ಪಿಎನ್‌ಜಿ ಕೊಡಿ, ಅವರ ಕಂಪ್ಯೂಟರಿನ ಫಾಂಟ್ ಹೇಗೇ ಇರಲಿ ಅಕ್ಷರ ಒಡೆಯುವುದಿಲ್ಲ.